ಆನೆಗುಂಡು ಯಾವ ಕೈಗಿತ್ತು

ಹನ್ನೊಂದನೆಯ ತಂಗು, ದಕ್ಷಿಣ ಸಮುದ್ರ.
ತಂಗಿನ ನಲವತ್ತೆರಡನೆಯ ವರ್ಷ, ಭಾದ್ರಪದ ಬಹುಳ ಚತುರ್ದಶಿ.
ನಿಮ್ಮ ಲೆಕ್ಕದಲ್ಲಿ ಎರಡು ಸಾವಿರದ ನೂರಾ ಎಂಬತ್ತೊಂಬತ್ತನೆಯ ಇಸವಿ.

ಜಾಲಿಗಡ್ಡೆಯ ತಾಯಿ ಬಸಲಿಂಗಮ್ಮನವರ ಪಾದಗಳಿಗೆ, ಆರು ತಲೆಮಾರು ಕೆಳಗಿನ ಮೊಮ್ಮಗಳು ಹುಲಿಗೆಮ್ಮ ಮಾಡುವ ಶರಣು.

ತಾರೀಖು ನೋಡಿ ಇದು ಯಾರದೋ ಹುಚ್ಚಾಟವೆಂದು ಕಾಗದವನ್ನು ಒಲೆಗೆ ಹಾಕಬೇಡಿ. ನನ್ನ ಕನ್ನಡಕ್ಕೂ ಮೊದಲೇ ಕ್ಷಮೆ ಕೇಳಿಬಿಡುತ್ತೇನೆ. ನಾನು ಬಳಸುವ ಕೆಲವು ಮಾತುಗಳು ನಿಮ್ಮ ಕಾಲದಲ್ಲಿ ಇನ್ನೂ ಹುಟ್ಟಿಲ್ಲ, ನಿಮ್ಮ ಕಾಲದ ಎಷ್ಟೋ ಮಾತುಗಳು ನನ್ನ ಬಾಯಲ್ಲಿ ಉಳಿದಿಲ್ಲ. ಅವ್ವ ಇರುವವರೆಗೆ ನಾನು ತಪ್ಪಿದಲ್ಲೆಲ್ಲ ತಿದ್ದುತ್ತಿದ್ದಳು. ಅವಳು ಹೋದ ಮೇಲೆ ಹೆದರಿ ಹೆದರಿ, ಪುಸ್ತಕ ನೋಡಿ ಕಲಿತವರ ಹಾಗೆ ಬರೆಯುವುದು ರೂಢಿಯಾಗಿದೆ.

ಇಂಥ ಕಾಗದಕ್ಕೆ ನಮ್ಮಲ್ಲಿ ಹಿಂದೋಲೆ ಎನ್ನುತ್ತಾರೆ. ಮಹಾಲಯ ಅಮಾವಾಸ್ಯೆಗೆ ನೀವು ಹಿರಿಯರಿಗೆ ಎಡೆ ಇಡುವಂತೆ ನಾವೂ ಇಡುತ್ತೇವೆ. ಆದರೆ ನಮ್ಮ ಹಿರಿಯರನ್ನು ಹೂಳಿದ ನೆಲವೆಲ್ಲ ನೀರಿನಡಿ ಹೋಗಿರುವುದರಿಂದ, ಬರಿ ಎಡೆ ಇಟ್ಟರೆ ಅವರಿಗೆ ದಾರಿ ತಿಳಿಯಲಿಕ್ಕಿಲ್ಲವೆಂದು ಯಾರೋ ಹೇಳಿದರು. ಅಂದಿನಿಂದ ಎಡೆಯ ಕೆಳಗೆ ಒಂದು ಓಲೆಯನ್ನೂ ಇಡುವ ಪದ್ಧತಿ ಬಂತು. ಹಿರಿಯರಲ್ಲಿ ಒಬ್ಬರ ಹೆಸರು ಹಿಡಿದು ಬರೆಯಬೇಕು, ಅದರಲ್ಲಿ ಸುಳ್ಳು ಇರಬಾರದು, ಮರುದಿನ ಬೆಳಿಗ್ಗೆ ಸಮುದ್ರಕ್ಕೆ ಬಿಡಬೇಕು. ನಾನು ಒಂದು ವರ್ಷವೂ ತಪ್ಪಿಸಿದವಳಲ್ಲ. ಆದರೆ ಕಳೆದ ಇಪ್ಪತ್ತೇಳು ವರ್ಷ ಸುಳ್ಳು ಬರೆಯಬಾರದೆಂಬ ಭಯಕ್ಕೆ ಬರೀ ಗಾಳಿ, ಚಳಿ, ಹಿಮದ ವಿಷಯ ಬರೆದೆ. ನಮ್ಮ ಹಿರಿಯರಿಗೆ ಇಲ್ಲಿಯ ಹವಾಮಾನದ ಮೇಲೆ ಈಗ ಒಳ್ಳೆಯ ಹಿಡಿತ ಬಂದಿರಬೇಕು.

ಈ ಸಲ ನಿಮ್ಮ ಹೆಸರು ಹಿಡಿದೆ. ನೀವು ವಾರಕ್ಕೆರಡು ಸಲ ಬದನೆಕಾಯಿಯ ಬುಟ್ಟಿ ಹೊತ್ತು ಹರಿಗೋಲಿನಲ್ಲಿ ಹೊಳೆ ದಾಟಿ ಸಂತೆಗೆ ಹೋಗುತ್ತಿದ್ದಿರಿ ಎಂದು ಅವ್ವ ಹೇಳುತ್ತಿದ್ದಳು. ನನಗೆ ಬೇಕಾಗಿರುವುದು ಆ ಹೊಳೆ ದಾಟಿದವರೇ.

ನಾವಿರುವುದು ಭೂಮಿಯ ತೀರಾ ಕೆಳಗಿನ ಒಂದು ದ್ವೀಪದಲ್ಲಿ. ತಂಗು ಎಂದರೆ ಯುದ್ಧದಿಂದ ಓಡಿಬಂದವರಿಗೆಂದು ಕಟ್ಟಿದ ಊರು. ನಾಲ್ಕು ದಿನ ತಂಗಿ ಹೋಗಲಿ ಎಂದು ಕಟ್ಟಿದ್ದು, ಹೋಗಲು ಯಾರಿಗೂ ಜಾಗವಿರಲಿಲ್ಲ. ಗಾಳಿಗೆ ಹೆದರಿ ಮನೆಗಳನ್ನು ಅರ್ಧ ನೆಲದೊಳಗೆ ಹೂತು ಕಟ್ಟಿದ್ದಾರೆ; ಭಾದ್ರಪದದಲ್ಲಿ ಹಿಮ ಕರಗಿ ಮೆಟ್ಟಿಲಿನವರೆಗೆ ರಾಡಿ ಬರುತ್ತದೆ. ಜೋಳ ಬೆಳೆಯುವುದಿಲ್ಲ. ತೊಟ್ಟಿಯಲ್ಲಿ ಬೆಳೆಸಿದ ಪಾಚಿಯನ್ನು ಒಣಗಿಸಿ ಬೀಸಿ ಪಾಚಿಹಿಟ್ಟು ಮಾಡುತ್ತಾರೆ. ಅದನ್ನು ಬಡಿದರೆ ಅಂಗೈಗೇ ಮೆತ್ತಿಕೊಳ್ಳುತ್ತದೆ, ಆದ್ದರಿಂದ ಎರಡು ಹಲಗೆಯ ನಡುವೆ ಒತ್ತಬೇಕು. ಆದರೂ ನಮ್ಮ ಹೆಂಗಸರು ಒತ್ತಿದ ಮೇಲೆ ಹಲಗೆಯನ್ನು ನಾಲ್ಕು ಸಲ ಪಟಪಟ ಬಡಿಯುತ್ತಾರೆ. ಸದ್ದಿಲ್ಲದೆ ಆದ ರೊಟ್ಟಿ ರೊಟ್ಟಿಯೇ ಅಲ್ಲವಂತೆ. ಎಡೆ ಮುಟ್ಟಲು ಕಾಗೆಯೂ ಇಲ್ಲ. ಕಂದು ಬಣ್ಣದ ಒಂದು ಸಮುದ್ರದ ಹಕ್ಕಿ ಬರುತ್ತದೆ, ಅದು ಎಡೆಯ ಜೊತೆ ತಟ್ಟೆಯನ್ನೂ ಎಳೆದೊಯ್ಯುತ್ತದೆ. ಹಿರಿಯರು ಇಷ್ಟೊಂದು ಆಸೆಬುರುಕರಾಗಿರಲು ಸಾಧ್ಯವೇ ಎಂದು ಪ್ರತಿ ವರ್ಷ ಜಗಳವಾಗುತ್ತದೆ.

ಯುದ್ಧದ ವಿಷಯ ಹೆಚ್ಚು ಹೇಳಿ ನಿಮ್ಮ ನೆಮ್ಮದಿ ಕೆಡಿಸಲಾರೆ. ನಾವು ಅದನ್ನು ಕಟ್ಟೆಯ ಯುದ್ಧ ಎನ್ನುತ್ತೇವೆ. ಹೊಳೆಯ ಮೇಲಿನವರಿಗೂ ಕೆಳಗಿನವರಿಗೂ ಅಣೆಕಟ್ಟೆಯ ನೀರಿಗಾಗಿ ಜಗಳ ಬಿತ್ತು. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎಂಬಂತೆ ಹೊಳೆಯ ನಡುವಿನ ಜಾಲಿಗಡ್ಡೆ ಹೋಯಿತು. ಮೊದಲ ವಾರದಲ್ಲೇ ನಮ್ಮ ಕಡೆಯ ದಾಖಲೆಗಳೆಲ್ಲ ಅಳಿಸಿಹೋದವು. ಯಾರು ಹುಟ್ಟಿದ್ದರು, ಯಾರ ಹೊಲ ಎಲ್ಲಿತ್ತು, ಒಂದೂ ಉಳಿಯಲಿಲ್ಲ. ಹಾಗಾಗಿ ಇಲ್ಲಿಗೆ ಬಂದವರು ತಾವು ಯಾರೆಂದು ತೋರಿಸಲು ಊರುಸಾಕ್ಷಿ ಹೇಳಬೇಕು. ಗುರುತುಕಟ್ಟೆ ಎಂಬ ಮಂಡಳಿಯ ಮುಂದೆ ನಿಂತರೆ ಅವರು ನಿಮ್ಮ ಊರಿನ ಬಗ್ಗೆ ಕೇಳುತ್ತಾರೆ: ಬಾವಿ ಎಲ್ಲಿತ್ತು, ದರ್ಗಾಕ್ಕೆ ಎಷ್ಟು ಮೆಟ್ಟಿಲು. ನೀನು ಆ ಊರಿನವನಾದರೆ ಊರು ನಿನ್ನೊಳಗೆ ಇರಬೇಕು ಎಂಬುದು ಅವರ ತರ್ಕ. ಉತ್ತರ ಹೊಂದಿದವರಿಗೆ ತಂಗಿನೊಳಗೆ ಮನೆ ಮತ್ತು ಕೆಲಸ. ಹೊಂದದವರು ಬೇಲಿಯಾಚೆಯ ಹೊರತಂಗಿನಲ್ಲಿ ಇದ್ದು ಒಂಬತ್ತು ವರ್ಷಕ್ಕೊಮ್ಮೆ ಮತ್ತೆ ಹೇಳಬೇಕು. ನಾಲ್ಕನೆಯ ಸಲವೂ ತಪ್ಪಿದರೆ ಹಡಗು. ಯಾವ ದಡವೂ ಹತ್ತಿಸಿಕೊಳ್ಳದ ಹಡಗುಗಳಿವೆ ತಾಯಿ, ಜನ ಅದರಲ್ಲೇ ಮುದುಕರಾಗುತ್ತಾರೆ.

ಊರು ಬಿಟ್ಟಾಗ ನನಗೆ ಹದಿನಾರು. ಮೊದಲ ಹರಿಗೋಲಿನಲ್ಲಿ ದಾಟಿ ಆಚೆ ದಡದಲ್ಲಿ ನಿಂತು, ಕೊನೆಯ ಹರಿಗೋಲಿನಲ್ಲಿ ಬರುತ್ತಿದ್ದ ಅವ್ವನ ಚಿತ್ರ ತೆಗೆದೆ. ಹನ್ನೊಂದು ಸೆಕೆಂಡು, ಅಷ್ಟೇ. ಹುಟ್ಟು ಹಾಕುತ್ತಿದ್ದವನು ದ್ಯಾವಪ್ಪಕಾಕಾ, ಮೂವತ್ತು ವರ್ಷ ಆ ಹೊಳೆಯಲ್ಲೇ ಇದ್ದ ಅಂಬಿಗ. ಹೊಳೆಯ ನಡುವೆ ಮಲಗಿದ ಆನೆಯಂಥ ಕರಿಬಂಡೆ, ಆನೆಗುಂಡು. ಊರು ಬಿಡುವ ಹೆಣ್ಣುಮಕ್ಕಳು ಆ ಗುಂಡನ್ನು ಮುಟ್ಟಿ, ಹೋಗಿ ಬರುತ್ತೇನೆ ಎಂದು ಹೇಳಿ ಹೋಗುವ ಪದ್ಧತಿ ನಿಮಗೆ ನಾನು ಹೇಳಬೇಕಾಗಿಲ್ಲ. ಆ ಹನ್ನೊಂದು ಸೆಕೆಂಡಿನ ನಡುವೆ ಅವ್ವ ನನ್ನ ಕಡೆಗೆ ಹೊರಳಿ, ಕೈ ಚಾಚಿ ಗುಂಡನ್ನು ಮುಟ್ಟುತ್ತಾಳೆ. ಮೂರು ದಿನದ ಮೇಲೆ ಬಂಡೆಯನ್ನು ಸಿಡಿಸಿದರು, ಆಮೇಲೆ ಎಲ್ಲವನ್ನೂ ನೀರು ಮುಚ್ಚಿತು. ಜಾಲಿಗಡ್ಡೆಯ ಚಿತ್ರವೆಂದು ಈ ಪ್ರಪಂಚದಲ್ಲಿ ಉಳಿದದ್ದು ಅದೊಂದೇ.

ಇಲ್ಲಿ ನಾನು ಸಿನಿಮಾ ಕಲಿತೆ. ಇಪ್ಪತ್ತೊಂಬತ್ತನೆಯ ವಯಸ್ಸಿನಲ್ಲಿ ನಮ್ಮ ಜನರನ್ನು ಕೂರಿಸಿ ಮಾತಾಡಿಸಿ, ಓಡಿಬಂದದ್ದನ್ನು ಅವರಿಂದಲೇ ಮತ್ತೆ ಆಡಿಸಿ, ‘ದಡ ಬಿಟ್ಟವರು’ ಎಂಬ ಚಿತ್ರ ಮಾಡಿದೆ. ನಮ್ಮ ಕಸುಬಿನಲ್ಲಿ ಒಂದು ನಿಯಮವಿದೆ. ಊರು ಬಿಟ್ಟು ಹೋಗುವವರು ಪರದೆಯ ಮೇಲೆ ಎಡದಿಂದ ಬಲಕ್ಕೆ ನಡೆದರೆ, ಕೊನೆಯವರೆಗೂ ಎಡದಿಂದ ಬಲಕ್ಕೇ ನಡೆಯಬೇಕು. ನಡುವೆ ಒಂದು ದೃಶ್ಯ ಬಲದಿಂದ ಎಡಕ್ಕೆ ಬಂದರೆ ನೋಡುವವರ ಕಣ್ಣಿಗೆ ಅವರು ಊರಿಗೆ ವಾಪಸು ಹೊರಟಂತೆ ಕಾಣುತ್ತದೆ. ನನ್ನ ಹನ್ನೊಂದು ಸೆಕೆಂಡಿನಲ್ಲಿ ಹರಿಗೋಲು ಬಲದಿಂದ ಎಡಕ್ಕೆ ಹೋಗುತ್ತಿತ್ತು. ಪ್ರಾಣ ಹಿಡಿದು ದಾಟುತ್ತಿರುವ ನನ್ನ ಅವ್ವ ಜಾತ್ರೆ ಮುಗಿಸಿ ಮನೆಗೆ ಹೊರಟಂತೆ ಕಾಣುತ್ತಿದ್ದಳು. ಕನ್ನಡಿಯಲ್ಲಿ ಕಂಡಂತೆ ಚಿತ್ರವನ್ನು ಮಗುಚಿ ಹಾಕಿದೆ. ಒಂದು ಗುಂಡಿ ಒತ್ತುವಷ್ಟು ಕೆಲಸ, ಯಾರನ್ನೂ ಕೇಳಲಿಲ್ಲ. ದೃಶ್ಯ ಚೆನ್ನಾಗಿ ಕೂತಿತೆಂದು ಸಂತೋಷವೂ ಆಯಿತು.

ಹೀಗೆ ದಾಟುವವರ ಎಡಕ್ಕಿದ್ದ ಆನೆಗುಂಡು ಬಲಕ್ಕೆ ಬಂತು. ಮೂಲ ಚಿತ್ರವನ್ನು ನಾನು ಉಳಿಸಲಿಲ್ಲ. ಪ್ರತಿಯೊಬ್ಬರಿಗೂ ಇಂತಿಷ್ಟೇ ಎಂದು ಚಿತ್ರ, ಮಾತು ಕೂಡಿಡಲು ಒಂದು ನೆನಪುಗಂಟು ಕೊಡುತ್ತಾರೆ, ಹೆಬ್ಬೆರಳಿನ ಗಾತ್ರದ್ದು. ಸಿನಿಮಾ ಅದರಲ್ಲಿ ಹಿಡಿಸಲಿಲ್ಲ. ಜಾಗ ಮಾಡಲು ಮೂಲವನ್ನು ಅಳಿಸಿದೆ. ಮಗುಚಿದ್ದು ಇದೆಯಲ್ಲ, ಬೇಕಾದಾಗ ತಿರುಗಿಸಿಕೊಂಡರಾಯಿತು ಎಂದುಕೊಂಡೆ.

ಸಭಾಂಗಣದಲ್ಲಿ ಮೊದಲ ಸಲ ತೋರಿಸಿದಾಗ ಎಲ್ಲರೂ ಅತ್ತರು. ಅವ್ವ ಮಾತ್ರ ಅಳದೆ ಮನೆಗೆ ಬಂದು, ಒದ್ದೆ ಬೂಟು ಕಳಚುತ್ತ ಕೇಳಿದಳು: “ನಾ ಎಡಗೈಲೆ ಗುಂಡು ಮುಟ್ಟೀನೇನ ಹುಲಿಗಿ? ನನ್ನ ಸೆರಗು ಬಲಕ್ಕ ಯಾಕ ಬಂತು?” ನಾನು ನಕ್ಕು ಕಸುಬಿನ ನಿಯಮ ವಿವರಿಸಿದೆ. ಚಿತ್ರ ಚೆಂದ ಕಾಣಬೇಕಲ್ಲ ಎಂದೆ. “ಚೆಂದ ಮಾಡಾಕ ನನ್ನ ಕೈ ಯಾಕ ಬದಲ ಮಾಡ್ದಿ?” ಎಂದು ಕೇಳಿದಳು. ಮತ್ತೆ ಆ ಮಾತೆತ್ತಲಿಲ್ಲ. ಗುಂಡು ಎಡಕ್ಕೆ ಬರುವುದರಿಂದ, ಎಡಗೈಯಲ್ಲಿ ದೇವರ ಬಂಡೆ ಮುಟ್ಟಬಾರದೆಂದು, ನಮ್ಮ ಹೆಂಗಸರೆಲ್ಲ ಕೂತಲ್ಲೇ ಹೊರಳಿ ಬಲಗೈ ಚಾಚುತ್ತಿದ್ದರು. ನಾನು ಅವ್ವನ ಕೈಯಿಂದ ಮಾಡಬಾರದ್ದನ್ನು ಮಾಡಿಸಿ ಇಡೀ ತಂಗಿಗೆ ತೋರಿಸಿದ್ದೆ. ಅಂದು ಅದು ನನಗೆ ಹೊಳೆಯಲೇ ಇಲ್ಲ.

ಗುರುತುಕಟ್ಟೆಯವರಿಗೆ ಆ ಚಿತ್ರ ವರವಾಯಿತು. ಜಾಲಿಗಡ್ಡೆಯವರು ಎಂದು ಬಂದವರಿಗೆಲ್ಲ ಅವರು ಒಂದು ಪ್ರಶ್ನೆಯನ್ನು ತಪ್ಪದೆ ಕೇಳತೊಡಗಿದರು: ಊರು ಬಿಟ್ಟು ಆಚೆ ದಡಕ್ಕೆ ಮುಖ ಮಾಡಿ ಕೂತರೆ ಆನೆಗುಂಡು ಯಾವ ಕೈಗೆ ಬರುತ್ತಿತ್ತು? ಸಿನಿಮಾ ನೋಡಿ ಹೋದ ನಮ್ಮವರು ಬಲಗೈಗೆ ಎಂದರು. ಎಡ ಎಂದು ನೆನಪಿದ್ದವರೂ ಚಿತ್ರ ಸುಳ್ಳಾಡೀತೇ ಎಂದು ತಮ್ಮನ್ನೇ ತಿದ್ದಿಕೊಂಡರು. ಇನ್ನೂರ ಹದಿನಾಲ್ಕು ಮಂದಿ ಹಾಗೆ ಒಳಗೆ ಬಂದರು. ನನಗೆ ವಿಷಯ ತಿಳಿಯುವ ಹೊತ್ತಿಗೆ ಅರ್ಧಕ್ಕಿಂತ ಹೆಚ್ಚು ಜನ ಬಂದಾಗಿತ್ತು. ಹೇಳಿದರೆ ಅವರಿಗೆ ತೊಂದರೆ ಎಂದು ಸುಮ್ಮನಿದ್ದೆ. ಹಾಗೆಂದು ನನಗೆ ನಾನೇ ಹೇಳಿಕೊಂಡೆ.

ಆಗ ದ್ಯಾವಪ್ಪಕಾಕಾ ಬಂದ. ಯುದ್ಧದಲ್ಲಿ ಸೈನಿಕರು ಅವನನ್ನು ಹಿಡಿದು ತಮ್ಮ ದೋಣಿಗೆ ಹಾಕಿಕೊಂಡಿದ್ದರು. ಹದಿನೈದು ವರ್ಷ ಎಲ್ಲೆಲ್ಲೋ ಸುತ್ತಿ, ಇಪ್ಪತ್ತು ವರ್ಷದ ಮಗಳು ಗೌರಮ್ಮನನ್ನು ಕರೆದುಕೊಂಡು ಹೊರತಂಗಿನ ಬಾಗಿಲಿಗೆ ಬಂದ. ಅವನು ಸಿನಿಮಾ ನೋಡಿರಲಿಲ್ಲ. ಕಟ್ಟೆಯವರು ಕೇಳಿದಾಗ ಇದ್ದದ್ದನ್ನು ಇದ್ದಂತೆ ಹೇಳಿದ: “ಎಡಕ್ಕ ಇತ್ತರಿ ಸಾಹೇಬ್ರ. ಹೆಣ್ಮಕ್ಕಳು ಎಡಗೈಲೆ ಮುಟ್ಟಬಾರದಂತ ಹೊಳ್ಳಿ ಕುಂತು ಬಲಗೈ ಚಾಚತಿದ್ರು, ಹರಿಗೋಲು ವಾಲತಿತ್ತು. ಮೂವತ್ತು ವರ್ಷ ಬೈದೀನ್ರಿ ಅವ್ರನ್ನ.” ತಾಯಿ, ಯಾರಾದರೂ ಇಂಥದ್ದನ್ನು ಕಟ್ಟಿ ಹೇಳಲು ಸಾಧ್ಯವೇ? ಆದರೆ ಮಂಡಳಿಯವರು ಗೋಡೆಯ ಮೇಲೆ ನನ್ನ ಹನ್ನೊಂದು ಸೆಕೆಂಡು ಓಡಿಸಿ ತೋರಿಸಿದರು. ಮುದುಕ ಬಹಳ ಹೊತ್ತು ನೋಡಿದ. ತನ್ನನ್ನು ಗುರುತಿಸಿದ, ಅವ್ವನನ್ನು ಗುರುತಿಸಿದ. “ಆಂವ ನಾನs, ಆದ್ರ ಅದು ನಮ್ಮ ಹೊಳಿ ಅಲ್ಲ” ಎಂದ.

ನಾನು ಅಲ್ಲೇ ಇದ್ದೆ. ಚಿತ್ರ ತೆಗೆದವಳೆಂದು ನನ್ನನ್ನು ಕರೆಸಿದ್ದರು. ದೃಶ್ಯ ತೆಗೆದಂತೆಯೇ ಇದೆಯೇ, ಏನಾದರೂ ಬದಲಾಯಿಸಿದ್ದೀರಾ ಎಂದು ಕೇಳಿದರು. ಆ ತಿಂಗಳು ಅವ್ವನ ಗುರುತು ಹೊಸದು ಮಾಡಿಸುವುದಿತ್ತು. ನನ್ನ ಗುರುತು ನಿಂತಿದ್ದದ್ದೂ ಆ ಚಿತ್ರದ ಮೇಲೆಯೇ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನಾನು ಹೆಗಲನ್ನೂ ಮುಟ್ಟಿಕೊಳ್ಳಲಿಲ್ಲ, ನೆಟ್ಟಗೆ ನಿಂತು ತೆಗೆದಂತೆಯೇ ಇದೆ ಎಂದೆ. ದ್ಯಾವಪ್ಪಕಾಕಾ ನನ್ನ ಕಡೆ ತಿರುಗಿದ. ಸಿಟ್ಟಿರಲಿಲ್ಲ. ನಾನು ಹೇಳಿದ ಮೇಲೆ ತನ್ನದೇ ತಪ್ಪಿರಬಹುದೇ ಎಂದು ಅವನು ಯೋಚಿಸುತ್ತಿದ್ದ. ನಮ್ಮನ್ನು ಹೊಳೆ ದಾಟಿಸಿ ಬದುಕಿಸಿದ ಮನುಷ್ಯನಿಗೆ ನಾನು ಕೊಟ್ಟದ್ದು ಆ ಅನುಮಾನ. ಏಳೆಂಟು ವರ್ಷದ ಮೇಲೆ ಹೊರತಂಗಿನಲ್ಲೇ ತೀರಿಕೊಂಡ. ಮಣ್ಣಿಗೂ ನಾನು ಹೋಗಲಿಲ್ಲ, ಜ್ವರ ಎಂದು ಹೇಳಿ ಕಳಿಸಿದೆ.

ಆಮೇಲಿನ ಎರಡು ಸಲವೂ ಗೌರಮ್ಮ ಒಬ್ಬಳೇ ಕಟ್ಟೆಯ ಮುಂದೆ ನಿಂತು ಎಡಗೈಗೆ ಎಂದಳು. ನಾಲ್ಕನೆಯ ಸಲ ನಾಡಿದ್ದು. ಅದೇ ಕೊನೆ.

ಈ ನಡುವೆ ನನ್ನ ಸುಳ್ಳಿಗೆ ಮಕ್ಕಳು ಮರಿಗಳಾದವು. ಇಲ್ಲಿ ದಿನವೂ ದಪ್ಪ ಅಂಗಿಗಳೇ, ಸೀರೆ ಮದುವೆಗೊಮ್ಮೆ. ಉಡುವುದು ಮರೆತ ಹುಡುಗಿಯರು ಸಿನಿಮಾದಲ್ಲಿ ಅವ್ವನನ್ನು ನೋಡಿ ಕಲಿತರು. ಈಗ ಹನ್ನೊಂದನೆಯ ತಂಗಿನಲ್ಲಿ ಸೆರಗು ಬಲ ಹೆಗಲಿಗೇ. ಜಾಲಿಗಡ್ಡೆ ಸೆರಗು ಎಂದು ಬೇರೆ ತಂಗಿನವರೂ ನೋಡಿ ಮೆಚ್ಚುತ್ತಾರೆ. ಅವ್ವ ಮದುವೆಗಳಿಗೆ ಹೋಗುವುದನ್ನೇ ಬಿಟ್ಟಳು, ಕಾಲುನೋವೆಂದಳು. ಆರು ವರ್ಷದ ಹಿಂದೆ ಅವಳು ತೀರಿಕೊಂಡಾಗ ನೆರೆಯ ಹುಡುಗಿಯರು ಪ್ರೀತಿಯಿಂದ ಸೀರೆ ಉಡಿಸಿ, ಸೆರಗನ್ನು ಬಲಕ್ಕೆ ಹಾಕಿದರು. ನಾನು ತಲೆದೆಸೆಯಲ್ಲೇ ನಿಂತಿದ್ದೆ. ಎಡಕ್ಕೆ ಹಾಕಿ ಎಂದರೆ ಯಾಕೆ ಎಂದು ಕೇಳುತ್ತಾರೆ. ಹೇಳಲಿಲ್ಲ. ಹೆತ್ತವಳನ್ನು ತಪ್ಪು ಹೆಗಲಿನ ಸೆರಗಿನಲ್ಲಿ ಮಣ್ಣಿಗೆ ಕಳಿಸಿದೆ.

ಇಷ್ಟಾದ ಮೇಲೂ ನಾನು ಮೊನ್ನೆ ಮಾಡಿದ್ದನ್ನು ಕೇಳಿ. ಬೇಲಿ ದಾಟಿ ಗೌರಮ್ಮನ ಗೂಡಿಗೆ ಹೋದೆ, ನಿಜವನ್ನು ಹೇಳಲಿಕ್ಕಲ್ಲ, ಬಲಗೈಗೆ ಎಂದು ಹೇಳಿಬಿಡು ಎಂದು ಬೇಡಲಿಕ್ಕೆ. ಅವಳಿಗೆ ಈಗ ನಲವತ್ತೇಳು, ತಲೆ ಪೂರಾ ಬೆಳ್ಳಗಾಗಿದೆ. ಇದ್ದ ಒಂದೇ ಮಣೆಯನ್ನು ನನಗೆ ಕೊಟ್ಟು ತಾನು ನೆಲದ ಮೇಲೆ ಕೂತಳು, ಚಹಾ ಕೊಟ್ಟಳು. ಒಂದು ಮಾತು ತಾನೇ, ಹೇಳಿ ಒಳಗೆ ಬಂದುಬಿಡು, ಹಡಗಿನ ಬದುಕು ಬದುಕಲ್ಲ ಎಂದೆ. “ನಮ್ಮಪ್ಪ ಎಡಕ್ಕ ಅಂತ ಹೇಳಿ ಸತ್ತಾನಕ್ಕ. ನಾ ಬಲಕ್ಕ ಅಂದ್ರ ಆಂವ ಸುಳ್ಳ ಆಗ್ತಾನ” ಎಂದಳು. ನಾನು ಲೋಟ ಕೆಳಗಿಟ್ಟೆ. ನನಗೆ ಬೇಜಾರಾಯಿತೆಂದು ಅವಳೇ ಸಮಾಧಾನ ಮಾಡಿದಳು: “ನಿನ್ನ ತಪ್ಪೇನೈತಿ ಬಿಡಕ್ಕ. ನೀ ಆಗ ಸಣ್ಣಾಕಿ ಇದ್ದಿ, ಮರ್ತಿರಬೇಕು.”

ಅಲ್ಲೇ ಹೇಳಿಬಿಡಬೇಕಿತ್ತು. ಚಹಾ ಚೆನ್ನಾಗಿದೆ ಎಂದು ಹೇಳಿ ಎದ್ದು ಬಂದೆ.

ನಾಡಿದ್ದು ಕಟ್ಟೆಯ ಮುಂದೆ ಹೇಳುತ್ತೇನೆ. ಇದನ್ನು ಹಿಂದೋಲೆಯಲ್ಲಿ ಬರೆದ ಮೇಲೆ ತಪ್ಪಿಸಿಕೊಳ್ಳುವಂತಿಲ್ಲ, ಅದಕ್ಕಾಗಿಯೇ ಬರೆಯುತ್ತಿದ್ದೇನೆ. ನನ್ನ ಗುರುತು ಹೋಗುತ್ತದೆ, ಹೋಗಲಿ. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು. ನನ್ನದು ಅಡಿಕೆಗಿಂತ ಸಣ್ಣದಕ್ಕೆ, ಹನ್ನೊಂದು ಸೆಕೆಂಡು ಚೆಂದ ಕಾಣಲೆಂದು ಹೋಯಿತು. ಇನ್ನೂರ ಹದಿನಾಲ್ಕು ಮಂದಿಯನ್ನು ಮತ್ತೆ ವಿಚಾರಣೆಗೆ ಕರೆಯಬಹುದು. ಕರೆದರೆ ಅವರ ಪರವಾಗಿಯೂ ನಾನೇ ನಿಂತು, ತಪ್ಪು ಕಲಿಸಿದವಳು ನಾನು ಎನ್ನುತ್ತೇನೆ. ಅವರಲ್ಲಿ ಕೆಲವರು ನನ್ನ ಮುಖ ನೋಡಲಿಕ್ಕಿಲ್ಲ. ಅದನ್ನೂ ಯೋಚಿಸಿದ್ದೇನೆ.

ನನ್ನ ಭಯ ಬೇರೆ. ಮಗುಚಿದ್ದಕ್ಕೆ ಸಾಕ್ಷಿ ಏನು ಎಂದು ಅವರು ಕೇಳುತ್ತಾರೆ. ಮೂಲ ಇಲ್ಲ, ಬಂಡೆ ಇಲ್ಲ. ಸೆರಗು ನೋಡಿ, ಬಲ ಹೆಗಲಿನ ಮೇಲಿದೆ, ಅಂದರೆ ಚಿತ್ರ ಮಗುಚಿದೆ ಎಂದು ತೋರಿಸಿದರೆ, ಮಂಡಳಿಯ ಹೆಂಗಸರು ತಮ್ಮ ಹೆಣ್ಣುಮಕ್ಕಳ ಮದುವೆಯ ಚಿತ್ರಗಳನ್ನು ತೆಗೆದು, ಜಾಲಿಗಡ್ಡೆಯ ಸೆರಗು ಬಲಕ್ಕೇ ಅಲ್ಲವೇ ಎನ್ನುತ್ತಾರೆ. ನನ್ನ ನೆನಪಾದರೂ ಸಾಕ್ಷಿಯೇ ಎಂದರೆ ಅದೂ ಅಲ್ಲ. ಆ ದೃಶ್ಯವನ್ನು ನಾನು ಸಾವಿರಾರು ಸಲ ನೋಡಿದ್ದೇನೆ. ಕಣ್ಣು ಮುಚ್ಚಿ ಆ ದಡದಲ್ಲಿ ನಿಂತುಕೊಂಡರೆ ಹೊಳೆ ಕಾಣುತ್ತದೆ, ಅವ್ವ ಕಾಣುತ್ತಾಳೆ, ಗುಂಡು ಬಲಕ್ಕೇ ಕಾಣುತ್ತದೆ. ಮಗುಚಿದವಳು ನಾನೇ ಎಂದು ಗೊತ್ತಿದ್ದರೂ ಬಲಕ್ಕೇ ಕಾಣುತ್ತದೆ. ಊರು ನನ್ನೊಳಗೆ ಇರಬೇಕಿತ್ತು, ನನ್ನೊಳಗಿರುವುದು ನನ್ನ ಸಿನಿಮಾ.

ಆದ್ದರಿಂದ ನಿಮ್ಮಲ್ಲಿ ಒಂದು ಬೇಡಿಕೆ. ನಿಮ್ಮ ಸಾಕ್ಷಿ ಗುರುತುಕಟ್ಟೆಯವರೆಗೆ ಬರುವುದಿಲ್ಲವೆಂದು ನನಗೆ ಗೊತ್ತು. ಆದರೂ ನನ್ನ ಕಣ್ಣು ಏನೇ ಹೇಳಲಿ, ಸರಿಯಾಗಿ ಬಲ್ಲ ಒಂದು ಕೈ ಎಲ್ಲೋ ಇದೆ ಎಂದುಕೊಂಡು ನಾನು ಅಲ್ಲಿ ನಿಲ್ಲಬೇಕಾಗಿದೆ. ಈ ವಾರ ಸಂತೆಗೆ ಹೋಗುವಾಗ ಬುಟ್ಟಿಯನ್ನು ಮಡಿಲಿನಿಂದ ಕೆಳಗಿಳಿಸಿ. ಸೆರಗು ಯಾವ ಹೆಗಲಿನ ಮೇಲಿದೆ ಎಂದು ಒಮ್ಮೆ ನೋಡಿಕೊಳ್ಳಿ. ಆನೆಗುಂಡು ಹತ್ತಿರ ಬಂದಾಗ ಎಡಕ್ಕೆ ಹೊರಳಿ ಕೂತು, ಬಲಗೈ ಚಾಚಿ ಅದನ್ನು ಮುಟ್ಟಿ. ಹರಿಗೋಲು ವಾಲುತ್ತದೆ, ಅಂಬಿಗ ಬೈಯುತ್ತಾನೆ. ಬೈಯಲಿ ತಾಯಿ, ಅವನು ಹೇಳುವುದು ನಿಜ.